ಭಾನುವಾರದೊಳಗೆ ಹಳೇ ಫುಟೇಜ್ ಕಳಿಸುವವರ ಗಮನಕ್ಕೆ

ಎಲ್ಲರಿಗೂ ನಮಸ್ಕಾರ. ಹಳೇ ಫುಟೇಜ್‌ನಿಂದ ಮಾಡುತ್ತಿರುವ ನಮ್ಮ ಕಿರುಚಿತ್ರದ ಎಡಿಟಿಂಗ್ ಸೋಮವಾರ ಶುರು. ತುಣುಕು ಕೊಡುವವರು ಭಾನುವಾರ ರಾತ್ರಿ 9ರೊಳಗೆ ಹಂಚಿಕೆಯ ಫೋಲ್ಡರ್‌ಗೆ ಹಾಕಿ. ಗುಂಪಿನಲ್ಲಿ ವಿಡಿಯೊ ಕಳಿಸಬೇಡಿ, ಆ್ಯಪ್ ಅದನ್ನು ಕುಗ್ಗಿಸಿಬಿಡುತ್ತದೆ.

ಹೆಚ್ಚು ಎಡವಟ್ಟಾಗುವುದು ವೇಗದಲ್ಲಿ. ಮೂಕ 8 ಎಂಎಂ ರೀಲು ಸಾಮಾನ್ಯವಾಗಿ ಸೆಕೆಂಡಿಗೆ 16 ಫ್ರೇಮ್, ಸೂಪರ್ 8 (8 ಎಂಎಂನ ನಂತರದ ಬಗೆ) ಆದರೆ 18. ಅದನ್ನು ನೇರವಾಗಿ 24ರಲ್ಲಿ ಓಡಿಸಿದರೆ ಜನ ದಡಬಡ ನಡೆಯುತ್ತಾರೆ. ಸ್ಕ್ಯಾನ್ ಮಾಡಿಸುವಾಗ ಒಂದು ಫ್ರೇಮಿಗೆ ಒಂದೇ ಚಿತ್ರ ಕೇಳಿ. ವೇಗ ಹೊಂದಿಸುವುದು ನಮ್ಮ ಕೆಲಸ. ವಿಎಚ್‌ಎಸ್ ಕ್ಯಾಸೆಟ್ ಆದರೆ ಇಂಟರ್‌ಲೇಸ್ (ಪ್ರತಿ ಚಿತ್ರವನ್ನು ಸಾಲು ಬಿಟ್ಟು ಸಾಲಿನಂತೆ ಎರಡು ಅರ್ಧಗಳಾಗಿ ತೋರಿಸುವ ಕ್ರಮ) ಇದ್ದ ಹಾಗೇ ಬಿಡಿ. ಅವಸರದಲ್ಲಿ ತೆಗೆದರೆ ಅರ್ಧ ಚಲನೆ ಕಳೆದುಹೋಗುತ್ತದೆ, ಮತ್ತೆ ಬರುವುದಿಲ್ಲ. 4:3 (ಹಳೇ ಟಿವಿಯ ಅಳತೆಯ) ಚಿತ್ರವನ್ನು ಅಗಲ ಪರದೆಗೆಂದು ಎಳೆಯಬೇಡಿ, ಕತ್ತರಿಸಲೂಬೇಡಿ. ಗೀರು, ಧೂಳು ಇರಲಿ, ಅವೇ ಚೆಂದ!

ರೀಲಿನ ಡಬ್ಬಿ ತೆರೆದಾಗ ವಿನೆಗರ್ ವಾಸನೆ ಬಂದರೆ ಅಸಿಟೇಟ್ (ಫಿಲ್ಮಿನ ಪ್ಲಾಸ್ಟಿಕ್ ಪಟ್ಟಿ) ಕೊಳೆಯುತ್ತಿದೆ ಎಂದರ್ಥ. ಬೇರೆ ರೀಲುಗಳಿಂದ ದೂರ, ತಂಪಾದ ಒಣ ಜಾಗದಲ್ಲಿಡಿ. ಪ್ರೊಜೆಕ್ಟರ್‌ಗೆ ಖಂಡಿತ ಹಾಕಬೇಡಿ: ಕುಗ್ಗಿದ ಫಿಲ್ಮಿನ ರಂಧ್ರಗಳು ಹಲ್ಲಿಗೆ ಕೂರದೆ ಹರಿಯುತ್ತವೆ.

ಪ್ರತಿ ಫೈಲಿನ ಜೊತೆ ಮೂಲ, ಅಂದಾಜು ವರ್ಷ, ಮೂಲ ವೇಗ, ಹಕ್ಕು ಯಾರದು ಎಂದು ಶೀಟಿನಲ್ಲಿ ಬರೆಯಿರಿ. ದೃಶ್ಯಕ್ಕೆ ಹಕ್ಕಿನ ತೊಡಕಿಲ್ಲದಿದ್ದರೂ ಹಿನ್ನೆಲೆ ಸಂಗೀತಕ್ಕೆ ಇರಬಹುದು, ಅದನ್ನು ಪ್ರತ್ಯೇಕವಾಗಿ ನೋಡಿ. ಮನೆಯ ರೀಲಾದರೆ ಅದರಲ್ಲಿ ಕಾಣುವವರನ್ನೂ ಒಂದು ಮಾತು ಕೇಳಿಬಿಡಿ.

ಯಾರು ಎಷ್ಟು ನಿಮಿಷದ ಫುಟೇಜ್ ಕೊಡುತ್ತೀರಿ ಎಂದು ಶುಕ್ರವಾರದೊಳಗೆ ಇಲ್ಲೇ ತಿಳಿಸಿ.