27 ಇಂಚು ಎಂದು ಹೇಳಿ ಮಾರಿದ ಏಳು ತಂತಿ ಗಿಟಾರ್ ಬಗ್ಗೆ ದೂರು

ತುಮಕೂರು
12-11-2024

ಇವರಿಗೆ,
ದೂರು ಪರಿಹಾರ ಅಧಿಕಾರಿಗಳು,
ಆನ್‌ಲೈನ್ ಸಂಗೀತ ವಾದ್ಯ ಮಾರಾಟ ವಿಭಾಗ

ವಿಷಯ: ವಿವರಣೆಗೆ ತಾಳೆಯಾಗದ ಏಳು ತಂತಿ ಗಿಟಾರ್ ವಾಪಸ್ ಪಡೆದು ಹಣ ಮರಳಿಸುವ ಬಗ್ಗೆ, ಮೂರನೇ ಸಲ.

ಮಾನ್ಯರೇ,

ಸೆಪ್ಟೆಂಬರ್ 28ರಂದು ನಿಮ್ಮ ಜಾಲತಾಣದಲ್ಲಿ ₹38,500 ಕಟ್ಟಿ ಏಳು ತಂತಿಯ ಅಕೌಸ್ಟಿಕ್ ಗಿಟಾರ್ ತರಿಸಿಕೊಂಡೆ. ತಂತಿಯ ನಾದವನ್ನು ಆಂಪ್ಲಿಫೈಯರಿಗೆ ಒಯ್ಯುವ ಪಿಕಪ್ ಇರುವುದು, ನಿಮ್ಮದೇ ಬ್ರ್ಯಾಂಡಿನದು. ಅಕ್ಟೋಬರ್ 9ಕ್ಕೆ ಮನೆಗೆ ಬಂತು. ಹೇಳಿದ ಉದ್ದವಿಲ್ಲ, ಏಳನೆಯ ಬೇಸ್ ತಂತಿ ಸಡಿಲ ಎಂದು 10ನೇ ತಾರೀಕು ಬೆಳಿಗ್ಗೆಯೇ ಫೋಟೊ ಸಮೇತ ದೂರು ಕೊಟ್ಟೆ. ‘ಉತ್ಪಾದನಾ ದೋಷ ಕಂಡುಬಂದಿಲ್ಲ’ ಎಂದು ಬರೆದು ಮುಚ್ಚಿದರು. ಮತ್ತೆ ತೆರೆಸಿದೆ, ಮತ್ತೆ ಮುಚ್ಚಿದರು. ಎರಡನೇ ಸಲ ಫೋನಿನಲ್ಲಿ ಸಿಕ್ಕವರು ಹೇಳಿದ್ದು ಇಷ್ಟು: “ಮೇಡಂ, ಬೇಸ್ ತಂತಿ ಅಂದ್ರೆ ಸ್ವಲ್ಪ ಸಡಿಲ ಇರೋದೇ.” ಇರುವುದಿಲ್ಲ. ಸರಿಯಾಗಿ ಮಾಡಿದ ವಾದ್ಯದಲ್ಲಿ ಹಾಗಿರುವುದಿಲ್ಲ. ನಿಮ್ಮ ಸಹಾಯವಾಣಿಯವರಿಗೆ ಇದು ಅರ್ಥವಾಗಲಿಲ್ಲ. ವಾದ್ಯ ಬಲ್ಲವರು ಯಾರಾದರೂ ಓದಲಿ ಎಂದು ಈ ಸಲ ಎಲ್ಲವನ್ನೂ ಬಿಡಿಸಿ ಬರೆಯುತ್ತಿದ್ದೇನೆ.

ನಾನು ತುಮಕೂರಿನಲ್ಲಿ ಹನ್ನೊಂದು ವರ್ಷದಿಂದ ಮನೆಯಲ್ಲೇ ಗಿಟಾರ್ ಪಾಠ ಹೇಳುತ್ತೇನೆ. ಸುಗಮ ಸಂಗೀತದ ಕಾರ್ಯಕ್ರಮಗಳಿಗೆ ಪಕ್ಕವಾದ್ಯಕ್ಕೂ ಹೋಗುತ್ತೇನೆ. ನಮ್ಮ ಕಡೆಯ ಕಾರ್ಯಕ್ರಮ ಎಂದರೆ ಹಾಡುವವರು, ಕೀಬೋರ್ಡ್, ತಬಲಾ, ದುಡ್ಡಿದ್ದರೆ ಒಂದು ಕೊಳಲು. ಬೇಸ್ ಗಿಟಾರಿನವರನ್ನು ಕರೆಸುವಷ್ಟು ಸಂಭಾವನೆ ಯಾರ ಬಳಿಯೂ ಇರುವುದಿಲ್ಲ. ಹಾಗಾಗಿ ಹಾಡಿನ ತಳ ಯಾವಾಗಲೂ ಖಾಲಿ ಖಾಲಿ. ಬ್ರೆಜಿಲ್‌ನ ಶೋರೊ ಮತ್ತು ಸಾಂಬಾ ಮೇಳಗಳಲ್ಲಿ ಈ ಕೆಲಸಕ್ಕೆಂದೇ ಏಳು ತಂತಿಯ ಗಿಟಾರ್ ಇದೆ. ಏಳನೇ ತಂತಿಯನ್ನು ಸಾಮಾನ್ಯವಾಗಿ ಸಿ ಸ್ವರಕ್ಕೆ, ಕೆಲವರು ಬಿಗೆ ಕೂಡಿಸಿಕೊಂಡು, ಹಾಡಿನ ಸಾಲು ಮುಗಿದು ಮುಂದಿನದು ಶುರುವಾಗುವ ಬಿಡುವಿನಲ್ಲಿ ಹೆಬ್ಬೆರಳಿನಿಂದ ಕೆಳಗಿನ ಸ್ವರಗಳನ್ನು ಓಡಿಸುತ್ತಾರೆ. ಅದಕ್ಕೆ ಅವರಲ್ಲಿ ಬೈಷರಿಯಾ ಎಂಬ ಹೆಸರೇ ಇದೆ. ಇದರಲ್ಲಿ ಹೆಸರು ಮಾಡಿದ ಹೊರೊಂಡಿನೊ ಜೋಸೆ ಡಾ ಸಿಲ್ವಾ ಅವರನ್ನು ಜನ ಕರೆಯುತ್ತಿದ್ದದ್ದೇ ‘ಏಳು ತಂತಿಯ ಡಿನೊ’ ಎಂದು. ಅವರು ನುಡಿಸಿದ್ದನ್ನು ಕೇಳಿದ ದಿನದಿಂದ, ಪಲ್ಲವಿ ಮುಗಿದು ಚರಣ ಎತ್ತಿಕೊಳ್ಳುವ ಆ ನಾಲ್ಕು ಮಾತ್ರೆಗಳಲ್ಲಿ ನಮ್ಮ ಭಾವಗೀತೆಗೂ ಇಂಥದೊಂದು ಇಳಿಜಾರು ಇರಬೇಕು ಅನ್ನಿಸಿಬಿಟ್ಟಿದೆ. ಪಾಠದ ಫೀಸಿನಲ್ಲಿ ತಿಂಗಳು ತಿಂಗಳು ಎತ್ತಿಟ್ಟು ಈ ಗಿಟಾರ್ ಕೊಳ್ಳಲು ಎರಡು ವರ್ಷ ಹಿಡಿಯಿತು.

ನಿಮ್ಮದನ್ನೇ ಆರಿಸಿದ್ದಕ್ಕೆ ಕಾರಣ ಒಂದೇ ಸಾಲು: ‘ಸ್ಕೇಲ್ ಉದ್ದ 27 ಇಂಚು’. ಅಂದರೆ ಕತ್ತಿನ ತುದಿಯ ನಟ್ ಎಂಬ ಪಟ್ಟಿಯಿಂದ ಕೆಳಗಿನ ಬ್ರಿಡ್ಜಿನವರೆಗೆ ತಂತಿ ನುಡಿಯುವ ಉದ್ದ. ಆರ್ಡರ್ ಮಾಡುವ ಎರಡು ದಿನ ಮುಂಚೆ ಫೋನ್ ಮಾಡಿ ಖಾತ್ರಿ ಕೂಡ ಮಾಡಿಕೊಂಡೆ. ‘ಹೌದು, ಇಪ್ಪತ್ತೇಳು’ ಎಂದರು.

ಬಂದ ಗಿಟಾರಿನಲ್ಲಿ ನಟ್‌ನ ಅಂಚಿನಿಂದ ಕತ್ತಿನ ಮೇಲಿನ ಲೋಹದ ಅಡ್ಡಪಟ್ಟಿಗಳಲ್ಲಿ 12ನೇ ಫ್ರೆಟ್‌ವರೆಗೆ ಉಕ್ಕಿನ ಸ್ಕೇಲ್ ಇಟ್ಟು ಅಳೆದೆ. ಹನ್ನೆರಡೂ ಮುಕ್ಕಾಲು ಇಂಚು. ಸ್ಕೇಲ್ ಉದ್ದ ಅದರ ಎರಡರಷ್ಟು, ಅಂದರೆ 25.5. ನೀವು ಹೇಳಿದ 27 ಇರಬೇಕಾದರೆ ಆ ಅಳತೆ ಹದಿಮೂರೂವರೆ ಬರಬೇಕಿತ್ತು. ಸ್ಕೇಲ್ ಇಟ್ಟೇ ತೆಗೆದ ಫೋಟೊ ಲಗತ್ತಿಸಿದ್ದೇನೆ. ಅಂಕಿ ಸ್ಪಷ್ಟವಾಗಿ ಕಾಣುತ್ತದೆ.

ಒಂದೂವರೆ ಇಂಚಿಗೆ ಇಷ್ಟೊಂದು ಗಲಾಟೆಯೇ ಎಂದು ನಿಮ್ಮವರು ಕೇಳಿದ್ದರು. ಮಾಮೂಲಿ ಗಿಟಾರಿನ ಆರನೇ ತಂತಿ ಇ, 82.4 ಹರ್ಟ್ಸ್. ನಿಮ್ಮ ಗಿಟಾರಿನಲ್ಲಿ ಏಳನೆಯದು ಬಿ, 61.7. ಒಂದೇ ಉದ್ದದ ಒಂದೇ ದಪ್ಪದ ತಂತಿಯ ಬಿಗಿ ಕಂಪನಾಂಕದ ವರ್ಗಕ್ಕೆ ತಕ್ಕಂತೆ ಇಳಿಯುತ್ತದೆ. ಆದ್ದರಿಂದ ಇ ಸ್ವರದಲ್ಲಿ 100ರಷ್ಟಿದ್ದ ಬಿಗಿ, ಬಿ ಸ್ವರಕ್ಕೆ ಬರುವ ಹೊತ್ತಿಗೆ ಸುಮಾರು 56ಕ್ಕೆ ಬಂದು ನಿಲ್ಲುತ್ತದೆ. ಕಳೆದುಕೊಂಡ ಬಿಗಿಯನ್ನು ಮರಳಿ ತರಲು ತಂತಿ ಉದ್ದ ಮಾಡಬೇಕು, ಇಲ್ಲವೇ ಭಾರ ಮಾಡಬೇಕು, ಅಥವಾ ಎರಡೂ ಮಾಡಬೇಕು. 25.5ರಿಂದ 27 ಇಂಚಿಗೆ ಹೋದರೆ ಬಿಗಿ ನೂರಕ್ಕೆ 12ರಷ್ಟು ಏರುತ್ತದೆ. ಅದರ ಮೇಲೆ 0.066 ಇಂಚಿನ ತಂತಿ ಹಾಕಿದರೆ ಆರು ತಂತಿ ಗಿಟಾರಿನ ಇ ತಂತಿಯ ಬಿಗಿಗೆ ಹತ್ತಿರ ಬರುತ್ತದೆ. ಈ ಲೆಕ್ಕ ಮಾಡಿಯೇ ನಾನು ಕೊಂಡದ್ದು. ಫೆಂಡರ್‌ನವರು 1961ರಲ್ಲಿ ಗಿಟಾರಿಗಿಂತ ಒಂದು ಸ್ಥಾಯಿ ಕೆಳಗೆ ನುಡಿಯುವ ಆರು ತಂತಿಯ ಬೇಸ್ ಸಿಕ್ಸ್ ತಂದಾಗ ಅದಕ್ಕೆ 30 ಇಂಚಿನ ಸ್ಕೇಲ್ ಇಟ್ಟರು. ಮಾಮೂಲಿ ಬೇಸ್ ಗಿಟಾರಿನದು 34. ಕೆಳಗಿನ ಸ್ವರ ಬೇಕು ಎಂದವರು ಎಲ್ಲೋ ಒಂದು ಕಡೆ ಉದ್ದವನ್ನೋ ಭಾರವನ್ನೋ ಕೊಟ್ಟೇ ಕೊಟ್ಟಿದ್ದಾರೆ.

ನೀವು ಎರಡನ್ನೂ ಕೊಟ್ಟಿಲ್ಲ. ಅಕ್ಟೋಬರ್ 19ರಂದು ರೈಲಿನಲ್ಲಿ ಬೆಂಗಳೂರಿಗೆ ಹೋಗಿ ಗಿಟಾರ್ ರಿಪೇರಿ ಮಾಡುವವರೊಬ್ಬರಿಗೆ ತೋರಿಸಿದೆ. ಅವರು ದಪ್ಪ ಅಳೆಯುವ ವರ್ನಿಯರ್ ಹಿಡಿದು ನೋಡಿದರು. ಆರನೇ ತಂತಿ 0.053 ಇಂಚು. ಏಳನೇ ತಂತಿಯೂ 0.053. ಒಂದೇ ತಂತಿಯನ್ನು ಎರಡು ಸಲ ಹಾಕಿ, ಎರಡನೆಯದನ್ನು ಸಡಿಲಿಸಿ ಬಿ ಎಂದು ಕರೆದಿದ್ದೀರಿ. ಜೋರಾಗಿ ಮೀಟಿದರೆ ಸ್ವರ ಮೊದಲು ಏರಿ ಆಮೇಲೆ ಕುಸಿಯುತ್ತದೆ, ತಂತಿ ಫ್ರೆಟ್‌ಗಳಿಗೆ ಬಡಿದು ಗರಗರ ಅನ್ನುತ್ತದೆ. ಮೂರನೇ ಫ್ರೆಟ್ ಒತ್ತಿದರೆ ಡಿ ಬರಬೇಕಾದಲ್ಲಿ ಟ್ಯೂನರಿನ ಮುಳ್ಳು 25 ಸೆಂಟ್ ಮೇಲೆ ಹೋಗಿ ನಿಲ್ಲುತ್ತದೆ. ಅಂದರೆ ಅರ್ಧಸ್ವರದ ಕಾಲುಭಾಗ. ಬೆರಳನ್ನು ಇನ್ನೂ ಸ್ವಲ್ಪ ಒತ್ತಿದರೆ ಇನ್ನೂ ಏರುತ್ತದೆ. ಹಾಡುವವರ ಶ್ರುತಿಗೆ ಇದನ್ನು ಹೇಗೆ ಸೇರಿಸಲಿ?

ನಮ್ಮಮ್ಮ ವೀಣೆ ಕಲಿಸಿದವರು. ಗಿಟಾರ್ ಬಂದ ಸಂಜೆ ಅವರ ತೊಡೆಯ ಮೇಲೆ ಇಟ್ಟೆ. ಏಳು ತಂತಿ ಎಂದಾಗ ಅವರಿಗೆ ಖುಷಿಯಾಗಿತ್ತು, ಏಕೆಂದರೆ ವೀಣೆಗೂ ಏಳೇ: ನುಡಿಸುವವು ನಾಲ್ಕು, ತಾಳಕ್ಕೆ ಮೂರು. ಬೇಸ್ ತಂತಿಯನ್ನು ಒಮ್ಮೆ ಮೀಟಿದರು, ಕಿವಿ ಹತ್ತಿರ ತಂದು ಇನ್ನೊಮ್ಮೆ ಮೀಟಿದರು. ಆಮೇಲೆ ಹೆಬ್ಬೆರಳು ತೋರುಬೆರಳಿನ ನಡುವೆ ಎರಡೂ ತಂತಿ ಹಿಡಿದು ಸವರಿ, “ಸಾರಣಿ ತಂತೀನೇ ಅನುಮಂದ್ರಕ್ಕೂ ಹಾಕ್ಬಿಟ್ಟಿದಾರಲ್ಲೇ” ಎಂದರು. ಸಾರಣಿ ಎಂದರೆ ವೀಣೆಯ ಮೇಲಿನ ಶ್ರುತಿಯ ತೆಳು ತಂತಿ, ಅನುಮಂದ್ರ ಅತಿ ಕೆಳಗಿನ ಶ್ರುತಿಯದು. ವರ್ನಿಯರ್ ಹೇಳಿದ್ದನ್ನು ಹತ್ತು ದಿನ ಮುಂಚೆ ಅವರ ಬೆರಳು ಹೇಳಿತ್ತು. ವೀಣೆಯಲ್ಲಿ ಸಾರಣಿ, ಪಂಚಮಕ್ಕೆ ಉಕ್ಕಿನ ತಂತಿ, ಮಂದ್ರ ಅನುಮಂದ್ರಕ್ಕೆ ದಪ್ಪನೆಯ ಹಿತ್ತಾಳೆ ತಂತಿ ಹಾಕುವುದು ಹಿಂದಿನಿಂದ ಬಂದ ಪದ್ಧತಿ. ವೀಣೆ ಮಾಡುವ ಯಾರೂ ಸಾರಣಿಯನ್ನೇ ಸಡಿಲಿಸಿ ಅನುಮಂದ್ರ ಎಂದು ಕೊಡುವುದಿಲ್ಲ.

ದಪ್ಪ ತಂತಿ ಹಾಕಿಕೊಳ್ಳಿ ಎಂದು ನಿಮ್ಮ ಇಮೇಲ್‌ನಲ್ಲಿ ಸಲಹೆ ಇತ್ತು. ಅದನ್ನೂ ಮಾಡಿ ನೋಡಿದೆ. ನನ್ನ ದುಡ್ಡಿನಲ್ಲೇ 0.066ರ ತಂತಿ ತಂದೆ. ನಟ್‌ನ ಕಚ್ಚು ತೆಳು ತಂತಿಗೆ ಕೊರೆದದ್ದು, ಹೊಸ ತಂತಿ ಅದರೊಳಗೆ ಕೂರದೆ ಮೇಲೆಯೇ ನಿಂತಿತು. ಬಿರಡೆಯ ತೂತಿನಲ್ಲಿ ತುದಿ ತೂರಲೇ ಇಲ್ಲ. ಕಚ್ಚು ಅರೆದು ಅಗಲ ಮಾಡಬಹುದು, ಆದರೆ ಅರೆದ ಮೇಲೆ ‘ಗ್ರಾಹಕರೇ ಕೈಯಾಡಿಸಿದ್ದಾರೆ’ ಎಂದು ಕಂಪನಿಯವರು ಹೇಳಬಹುದು ಎಂದು ರಿಪೇರಿಯವರೇ ಎಚ್ಚರಿಸಿ ಅರ ಕೆಳಗಿಟ್ಟರು.

ಅವರು ಇನ್ನೊಂದು ತೋರಿಸಿದರು. ಅದನ್ನು ಕಂಡ ಮೇಲೆ ನನಗೆ ನಿಜವಾಗಿ ಸಿಟ್ಟು ಬಂತು. ತಂತಿಗಳನ್ನೆಲ್ಲ ಸಡಿಲಿಸಿ ಬ್ರಿಡ್ಜಿನ ಮೇಲಿನ ಬಿಳಿ ಪಟ್ಟಿಯನ್ನು ಮೆಲ್ಲಗೆ ಎತ್ತಿದರು. ಅದರ ಕೆಳಗಿನ ಕಾಲುವೆಯಲ್ಲಿ ಪಿಕಪ್ಪಿನ ತೆಳ್ಳನೆಯ ಪಟ್ಟಿ ಮಲಗಿದೆ. ಆ ಪಟ್ಟಿ ಆರನೇ ತಂತಿಯ ಕೆಳಗೆ ಬಂದು ಮುಗಿದುಹೋಗಿದೆ. ಏಳನೇ ತಂತಿಯ ಕೆಳಗೆ ಬರೀ ಮರ. ಆಂಪ್ಲಿಫೈಯರಿಗೆ ಹಾಕಿದಾಗ ಆರೂ ತಂತಿ ಜೋರಾಗಿ, ಏಳನೆಯದು ಪಕ್ಕದ ಕೋಣೆಯಿಂದ ಬಂದಂತೆ ಕೇಳುತ್ತಿದ್ದದ್ದು ಇದಕ್ಕೇ. ಆರು ತಂತಿ ಗಿಟಾರಿನ ಪಿಕಪ್, ಆರು ತಂತಿ ಗಿಟಾರಿನ ಉದ್ದ, ಆರನೇ ತಂತಿಯದೇ ತಂತಿ. ಕತ್ತನ್ನು ಮಾತ್ರ ಅಗಲ ಮಾಡಿ ಇನ್ನೊಂದು ಬಿರಡೆ ಕೂರಿಸಿದ್ದೀರಿ. ಈ ಫೋಟೊ ನಾಲ್ಕನೆಯದು, ದಯವಿಟ್ಟು ದೊಡ್ಡದು ಮಾಡಿಕೊಂಡು ನೋಡಿ.

ನಿಮ್ಮ ಉತ್ತರಗಳಿಗೆ ಬರುತ್ತೇನೆ. ‘ಏಳು ತಂತಿ ಗಿಟಾರ್‌ಗಳೆಲ್ಲ ಒಂದೇ ರೀತಿ’ ಎಂದು ಬರೆದಿದ್ದೀರಿ. ರಷ್ಯಾದಲ್ಲಿ 19ನೇ ಶತಮಾನದ ಆರಂಭದಿಂದ ನುಡಿಸುತ್ತಿರುವ ಏಳು ತಂತಿ ಗಿಟಾರಿನ ಅತಿ ಕೆಳಗಿನ ಸ್ವರ ಡಿ ಅಷ್ಟೇ, ಇ ಸ್ವರಕ್ಕಿಂತ ಒಂದೇ ಸ್ವರ ಕೆಳಗೆ. ತಂತಿಗಳನ್ನು ಕೂಡಿಸುವ ಕ್ರಮವೇ ಬೇರೆ. ಅಮೆರಿಕದ ಜಾಝ್ ವಾದಕ ಜಾರ್ಜ್ ವಾನ್ ಎಪ್ಸ್ 1930ರ ದಶಕದ ಕೊನೆಗೆ ಮಾಡಿಸಿಕೊಂಡ ಏಳು ತಂತಿಯದು ಎ ತನಕ ಇಳಿಯುತ್ತಿತ್ತು. ಎಲ್ಲಕ್ಕೂ ಏಳೇ ತಂತಿ, ಆದರೆ ಒಂದರ ಕೆಲಸವನ್ನು ಇನ್ನೊಂದು ಮಾಡುವುದಿಲ್ಲ. 25.5 ಇಂಚಿನಲ್ಲೂ ಬಿ ತಂತಿ ಬರುತ್ತದೆ ಎಂದು ನೀವು ವಾದಿಸಬಹುದು, ಅದು ನಿಜ ಕೂಡ. 1990ರಲ್ಲಿ ಬಂದ ಐಬನೆಜ್ ಯೂನಿವರ್ಸ್ ಅದೇ ಉದ್ದದ್ದು. ಆದರೆ ಅದು ಎಲೆಕ್ಟ್ರಿಕ್ ಗಿಟಾರ್, ಅದರ ನಟ್, ಬಿರಡೆ, ಪಿಕಪ್ ಎಲ್ಲವೂ ಏಳು ತಂತಿಗೆಂದೇ ಮಾಡಿದವು, ತಂತಿಯೂ ಅದಕ್ಕೆ ತಕ್ಕ ದಪ್ಪದ್ದು. ಮುಖ್ಯವಾಗಿ, ಅದನ್ನು 27 ಇಂಚು ಎಂದು ಹೇಳಿ ಯಾರೂ ಮಾರಲಿಲ್ಲ.

ಎರಡನೇ ಸಲ ನೀವು ಬದಲಿಗೆ ಬ್ಯಾರಿಟೋನ್ ಗಿಟಾರ್ ಕೊಡುತ್ತೇವೆ, ಅದರಲ್ಲೂ ಬಿ ಇದೆ ಎಂದಿರಿ. ಒಳ್ಳೆಯ ವಾದ್ಯವೇ. ಆದರೆ ಅದಕ್ಕೆ ಆರೇ ತಂತಿ, ಆರೂ ತಂತಿ ಐದು ಅರ್ಧಸ್ವರ ಕೆಳಗೆ ಇಳಿಯುತ್ತವೆ. ಮೇಲಿನ ಇ ತಂತಿ ಹೋಗಿ ಬಿ ಆಗುತ್ತದೆ. ಹಾಡುವವರ ಸಾಲನ್ನು ನಾನು ಹಿಂಬಾಲಿಸುವುದು ಆ ಮೇಲಿನ ಇ ತಂತಿಯ ಮೇಲೇ. ಕೆಳಗೆ ಗಳಿಸಿದ್ದನ್ನು ಮೇಲೆ ಕಳೆದುಕೊಳ್ಳಲು ನಾನು ಏಳು ತಂತಿಗೆ ದುಡ್ಡು ಕೊಡಲಿಲ್ಲ.

ನವೆಂಬರ್ 1ರ ರಾಜ್ಯೋತ್ಸವದ ಕಾರ್ಯಕ್ರಮಕ್ಕೆ ಈ ಗಿಟಾರಿಗೆಂದೇ ಎರಡು ಹಾಡುಗಳನ್ನು ಕೂರಿಸಿದ್ದೆ. ಕೊನೆಗೆ ಹಳೆಯ ಆರು ತಂತಿಯದನ್ನೇ ಒಯ್ದು, ಆರನೇ ತಂತಿಯನ್ನು ಡಿಗೆ ಇಳಿಸಿಕೊಂಡು ನುಡಿಸಿದೆ. ಬಿ ತನಕ ಇಳಿದು ನಿಲ್ಲಬೇಕಿದ್ದ ಸಾಲು ಡಿ ಹತ್ತಿರ ನೆಲ ಸಿಕ್ಕದೆ ಮೇಲಕ್ಕೆ ತಿರುಗಿತು. ಸಭೆಯಲ್ಲಿ ಯಾರಿಗೂ ತಿಳಿದಿರಲಿಕ್ಕಿಲ್ಲ. ತಬಲಾದವರು ಮಾತ್ರ ಒಮ್ಮೆ ತಲೆಯೆತ್ತಿ ನನ್ನ ಕಡೆ ನೋಡಿದರು.

ಇ-ಕಾಮರ್ಸ್ ನಿಯಮಗಳು, 2020ರ ಪ್ರಕಾರ ನೀವು ದೂರು ಬಂದ 48 ಗಂಟೆಯೊಳಗೆ ಸ್ವೀಕೃತಿ ಕೊಟ್ಟು ಒಂದು ತಿಂಗಳೊಳಗೆ ಪರಿಹರಿಸಬೇಕು. ಆ ತಿಂಗಳು ಮೊನ್ನೆ 10ಕ್ಕೆ ಮುಗಿಯಿತು. ಇಲ್ಲದ ಅಳತೆಯನ್ನು ಇದೆ ಎಂದು ತೋರಿಸಿ ಮಾರುವುದು ಗ್ರಾಹಕ ಸಂರಕ್ಷಣಾ ಕಾಯ್ದೆ, 2019ರಲ್ಲಿ ಅನುಚಿತ ವ್ಯಾಪಾರ ಪದ್ಧತಿ. ಈ ಪತ್ರ ತಲುಪಿದ 15 ದಿನದೊಳಗೆ ಪೂರ್ತಿ ₹38,500, ಜೊತೆಗೆ ಬೆಂಗಳೂರಿಗೆ ಹೋಗಿಬಂದ ಖರ್ಚು, ಪರೀಕ್ಷೆಯ ಶುಲ್ಕ ಮತ್ತು ತಂತಿಯ ಬೆಲೆ ಸೇರಿ ₹1,340 ನನ್ನ ಖಾತೆಗೆ ಜಮಾ ಆಗಬೇಕು. ರಸೀದಿಗಳು ಲಗತ್ತಿನಲ್ಲಿವೆ. ನಿಜವಾಗಿ 27 ಇಂಚಿನ, ಏಳೂ ತಂತಿಗೆ ಪಿಕಪ್ ಇರುವ ಗಿಟಾರ್ ನಿಮ್ಮಲ್ಲಿದ್ದರೆ ಅದನ್ನೂ ಒಪ್ಪುತ್ತೇನೆ. ಆದರೆ ಕಳಿಸುವ ಮುಂಚೆ ನಟ್‌ನಿಂದ 12ನೇ ಫ್ರೆಟ್‌ಗೆ ಸ್ಕೇಲ್ ಇಟ್ಟು ಫೋಟೊ ತೆಗೆದು ಕಳಿಸಬೇಕು. ನಿಮ್ಮ ಪುಟದಲ್ಲಿ ಇಂದು ಬೆಳಿಗ್ಗೆಯೂ ‘27 ಇಂಚು’ ಎಂದೇ ಇತ್ತು. ಅದನ್ನು ಇವತ್ತೇ ತಿದ್ದಿ. ನನ್ನಂತೆ ಇನ್ನೊಬ್ಬರು ಕೂಡಿಟ್ಟ ದುಡ್ಡು ಕಟ್ಟುವುದು ಬೇಡ.

ಅಷ್ಟರೊಳಗೆ ಉತ್ತರ ಬಾರದಿದ್ದರೆ ಇದೇ ದಾಖಲೆಗಳೊಂದಿಗೆ ತುಮಕೂರು ಜಿಲ್ಲಾ ಗ್ರಾಹಕರ ಆಯೋಗಕ್ಕೆ ದೂರು ಸಲ್ಲಿಸುತ್ತೇನೆ. ನಾನು ವಾಸವಿರುವ ಜಿಲ್ಲೆಯಲ್ಲೇ ಹಾಕಲು ಕಾಯ್ದೆಯಲ್ಲಿ ಅವಕಾಶವಿದೆ, ಐದು ಲಕ್ಷದವರೆಗಿನ ದೂರಿಗೆ ಶುಲ್ಕವೂ ಇಲ್ಲ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಈಗಾಗಲೇ ಕರೆ ಮಾಡಿ ನೋಂದಾಯಿಸಿದ್ದೇನೆ.

ಗಿಟಾರನ್ನು ಬಂದ ಪೆಟ್ಟಿಗೆಯಲ್ಲೇ, ನಿಮ್ಮ ಹಳೆಯ ತಂತಿ ಹಾಕಿ, ಗೀರು ಬೀಳದಂತೆ ಇಟ್ಟಿದ್ದೇನೆ. ತೆಗೆದುಕೊಂಡು ಹೋಗುವವರನ್ನು ಸಂಜೆ ನಾಲ್ಕರೊಳಗೆ ಕಳಿಸಿ. ಆಮೇಲೆ ಮಕ್ಕಳು ಪಾಠಕ್ಕೆ ಬರುತ್ತಾರೆ.

ಇಂತಿ,
ಆರ್ಡರಿನಲ್ಲಿ ಹೆಸರಿರುವ ಗ್ರಾಹಕಿ
ತುಮಕೂರು

ಲಗತ್ತು: ಆರು ಫೋಟೊ, ಬಿಲ್ಲು, ರಿಪೇರಿಯವರ ಸಹಿ ಇರುವ ಅಳತೆ ಚೀಟಿ, ನಿಮ್ಮ ಪುಟದ ಪ್ರತಿ, ಖರ್ಚಿನ ರಸೀದಿಗಳು.