ಮಡಗಾಂವ್ ರೈಲಿನಲ್ಲಿ ಸಿಕ್ಕ ಅಕ್ಕನಿಗೆ

ಮಡಗಾಂವ್‌ನಿಂದ ಕಾರವಾರಕ್ಕೆ ಬರುವ ರೈಲಿನಲ್ಲಿ ಎದುರು ಕೂತಿದ್ದ ಅಕ್ಕಾ, ನಿಮ್ಮ ಹೆಸರು ಕೇಳುವುದೇ ಮರೆತೆ. ಮನೆಗೆ ಸ್ಪ್ಯಾನಿಷ್ ಕಲಿಯಲು ಬರುವ ಮಕ್ಕಳಿಗಾಗಿ ನಾನು ಕ್ರಿಯಾಪದಗಳ ಪಟ್ಟಿ ಬರೆಯುತ್ತಿದ್ದೆ. 'ಇದನ್ನು ನೋಡಿದ್ರೆ ಓಡಿ ಹೋಗ್ತಾರೆ' ಎಂದು ನಕ್ಕಿರಿ. ಚೀಲದಿಂದ ತೆಳ್ಳಗಿನ ಕಾದಂಬರಿಯೊಂದನ್ನು ತೆಗೆದು ಕೊಟ್ಟಿರಿ. ಹೊಸದಾಗಿ ಕಲಿಯುವವರಿಗೆಂದೇ ಬರೆದದ್ದು.

ಅದರಲ್ಲಿ ಹೊಸ ಪದ ಕಡಿಮೆ. ಇದೆ ಎನ್ನುವ 'ತಿಯೆನೆ', ಬೇಕು ಎನ್ನುವ 'ಕಿಯೆರೆ' ಪುಟಪುಟಕ್ಕೂ ಬರುತ್ತವೆ. ಬಾಯಿಪಾಠ ಮಾಡದೆಯೇ ಮಕ್ಕಳ ನಾಲಿಗೆಗೆ ಹತ್ತಿದವು. 'ಮೆ ಗುಸ್ತಾ' ಬಂದಾಗಂತೂ ನನಗೇ ಖುಷಿ. ಇಂಗ್ಲಿಷ್‌ನಲ್ಲಿ 'ನಾನು' ಎಂದು ಶುರು ಮಾಡಬೇಕು. ಇಲ್ಲಿ ನಮ್ಮ ಹಾಗೇ, 'ನನಗೆ ಇಷ್ಟ'! ಬ್ರೆಡ್ಡಿಗೆ 'ಪಾನ್' ಎಂದು ಓದಿದಾಗ ಕೊಂಕಣಿ ಮನೆಯ ಹುಡುಗಿ 'ನಮ್ಮ ಪಾವ್ ಅಲ್ವಾ?' ಅಂದಳು. ಹೌದು, ಪಾವ್ ಪೋರ್ಚುಗೀಸಿನದು, ಅದು ಸ್ಪ್ಯಾನಿಷ್‌ಗೆ ಅಕ್ಕತಂಗಿ ಭಾಷೆ.

ಕಥೆಯ ಗುಂಗಿನಲ್ಲಿ ಮಕ್ಕಳ ಬರವಣಿಗೆಯ ಅಭ್ಯಾಸ ಸ್ವಲ್ಪ ಹಿಂದೆ ಬಿತ್ತು. ಅದು ನನ್ನ ತಪ್ಪು, ಪುಸ್ತಕದ್ದಲ್ಲ.

ಕಾರವಾರದಲ್ಲಿ ಇಳಿಯುವಾಗ ವಾಪಸ್ ಕೊಡಲು ಬಂದರೆ 'ಇರಲಿ ಬಿಡಿ' ಎಂದಿರಿ. ನೀವು ಮುಂದೆ ಕುಮಟೆಗೋ ಹೊನ್ನಾವರಕ್ಕೋ ಹೋದಿರಿ. ತುಂಬಾ ಧನ್ಯವಾದ ಅಕ್ಕಾ. ಮಕ್ಕಳು ಪುಟಗಳ ಮೂಲೆ ಮಡಚಿದ್ದಾರೆ, ಬೇಜಾರು ಮಾಡ್ಕೋಬೇಡಿ.