ಅಕ್ಷರ ಒಗಟಿಗೆ ಒಂದು ಸಾಲು ಸುಳಿವು ಕೊಡಿ

ಸಂಪಾದಕರೇ,

ಅಕ್ಷರಗಳಲ್ಲಿ ಅಡಗಿಸಿದ ಪದಗಳನ್ನು ಕಂಡುಹಿಡಿಯುವ ನಿಮ್ಮ ಭಾನುವಾರದ ಅಕ್ಷರ ಒಗಟು ಹಿಡಿದು ನಾನು, ಮಗಳು ಸೇರಿ ಎರಡು ಗಂಟೆ ಒದ್ದಾಡಿದೆವು. ಮೊದಲು ಪ್ರತಿ ಅಕ್ಷರವನ್ನೂ ವರ್ಣಮಾಲೆಯಲ್ಲಿ ಒಂದೊಂದು ಸ್ಥಾನ ಹಿಂದಕ್ಕೆ ಸರಿಸಿ ನೋಡಿದೆವು, ‘ಯಪೆ’ ಅಂತ ಇದ್ದರೆ ‘ಮನೆ’ ಆಗುತ್ತದಲ್ಲ, ಹಾಗೆ. ಆಗಲಿಲ್ಲ. ಆಮೇಲೆ ಉಲ್ಟಾ ಓದಿದೆವು, ಕೊನೆಗೆ ಒಂದೊಂದೇ ಅಕ್ಷರ ಚೀಟಿಯಲ್ಲಿ ಬರೆದು ಅದಲುಬದಲು ಮಾಡುತ್ತಾ ಕೂತೆವು. ತೊಡಕು ಇಲ್ಲೇ. ‘ಗಮನ’ದ ಅಕ್ಷರ ಅದಲುಬದಲು ಮಾಡಿದರೆ ‘ಮಗನ’ ಬರುತ್ತದೆ, ಎರಡೂ ಸರಿ ಅಲ್ವಾ? ಒತ್ತಕ್ಷರವನ್ನು ಬಿಡಿಸಬೇಕೋ ಹಾಗೇ ಇಡಬೇಕೋ ಅನ್ನೋದನ್ನೂ ನೀವು ಹೇಳಿರಲಿಲ್ಲ.

ಈ ತೊಡಕು ಹಳೆಯದೇ. 1610ರಲ್ಲಿ ಗೆಲಿಲಿಯೋ, ಶನಿಗ್ರಹ ಮೂರು ತುಂಡಾಗಿ ಕಂಡದ್ದನ್ನು 37 ಅಕ್ಷರಗಳ ಲ್ಯಾಟಿನ್ ಸಾಲಾಗಿ ಬರೆದು, ಅದನ್ನು ಕಲಸಿ ಕಳಿಸಿದ. ಕೆಪ್ಲರ್‌ನಂಥ ಖಗೋಳ ವಿಜ್ಞಾನಿಯೇ ಅದನ್ನು ಬೇರೆ ರೀತಿ ಜೋಡಿಸಿ, ಮಂಗಳನಿಗೆ ಎರಡು ಚಂದ್ರರಿದ್ದಾರೆ ಅಂತ ಓದಿಕೊಂಡ. (ಆ ಎರಡು ಚಂದ್ರರು ನಿಜಕ್ಕೂ ಸಿಕ್ಕಿದ್ದು 1877ರಲ್ಲಿ!) ಅಂಥವನೇ ತಪ್ಪಿದ ಮೇಲೆ ಮಕ್ಕಳ ಪಾಡೇನು?

ಒಗಟು ಮಾತ್ರ ನಿಲ್ಲಿಸಬೇಡಿ, ಮಗಳು ವಾರವಿಡೀ ಕಾಯುತ್ತಾಳೆ. ಎಷ್ಟು ಪದ, ಮೊದಲ ಅಕ್ಷರ ಯಾವುದು, ಒತ್ತು ಬಿಡಿಸಿದ್ದೀರಾ, ಇಷ್ಟನ್ನು ಒಗಟಿನ ಕೆಳಗೆ ಹಾಕಿ.

– ಒಬ್ಬ ಓದುಗ, ಮೈಸೂರು